ಬದಿಯಡ್ಕದಲ್ಲಿ ಕೂತು ಫ್ಲೆಮಿಶ್ ಎಡಿಟರ್‌ಗಳಿಂದ ಕೆಲಸ ಕಲಿಯುವುದು ಹೇಗೆ

"ಅಕ್ಕಾ, ಎಡಿಟರ್ ಆಗಲು ಯಾವ ಸಾಫ್ಟ್‌ವೇರ್ ಕಲಿಯಬೇಕು?" ಪೆರ್ಲ, ನೀರ್ಚಾಲು, ಮುಳ್ಳೇರಿಯ, ಮಂಜೇಶ್ವರ ಕಡೆಯ ಹುಡುಗ ಹುಡುಗಿಯರು ನನ್ನಲ್ಲಿ ಮೊದಲು ಕೇಳುವುದು ಇದನ್ನೇ. ಸಾಫ್ಟ್‌ವೇರ್ ಯಾವುದಾದರೂ ಆದೀತು ಮಾರಾಯ್ರೆ. ಡಾವಿಂಚಿ ರಿಸಾಲ್ವ್ ಉಚಿತವಾಗಿ ಸಿಗುತ್ತದೆ, ಶುರು ಮಾಡಲು ಅದು ಧಾರಾಳ ಸಾಕು. ಅದಕ್ಕಿಂತ ಮುಂಚೆ ಒಂದು ಕೆಲಸ ಮಾಡಿ: ಒಬ್ಬ ಎಡಿಟರ್‌ನ ಇಡೀ ವೃತ್ತಿಯನ್ನು ಕೂತು ಓದಿ. ಯಾವ ಸಿನಿಮಾ, ಯಾವ ವರ್ಷ, ಯಾರ ಜೊತೆ, ಯಾವ ಭಾಷೆಯಲ್ಲಿ. ನಾನು ಎಲ್ಲರಿಗೂ ಕೊಡುವುದು ಬೆಲ್ಜಿಯಂನ ಫ್ಲೆಮಿಶ್ ಸಿನಿಮಾದ ಇಬ್ಬರು ಎಡಿಟರ್‌ಗಳ ಹೆಸರು.

ಹಾಲಿವುಡ್ ಬಿಟ್ಟು ಅಲ್ಲಿಗೆ ಯಾಕೆ ಹೋಗಬೇಕು? ಬೆಲ್ಜಿಯಂನ ಉತ್ತರ ಭಾಗ ಫ್ಲಾಂಡರ್ಸ್. ಅಲ್ಲಿ ಡಚ್ ಮಾತಾಡುತ್ತಾರೆ, ಅಲ್ಲಿಯ ಡಚ್‌ಗೇ ಫ್ಲೆಮಿಶ್ ಅನ್ನುವುದು. ದಕ್ಷಿಣದಲ್ಲಿ ಫ್ರೆಂಚ್. ನಡುವಿನ ಭಾಷಾ ಗಡಿಯನ್ನು 1962-63ರಲ್ಲಿ ಕಾನೂನು ಮಾಡಿ ಗೆರೆ ಎಳೆದು ನಿಲ್ಲಿಸಿದರು. ಕೆಲವು ಊರುಗಳು ಆಚೆಯಿಂದ ಈಚೆ, ಈಚೆಯಿಂದ ಆಚೆ ಹೋದವು. 1956ರ ನಂತರದ ಕಾಸರಗೋಡಿನಲ್ಲಿ ಹುಟ್ಟಿದವರಿಗೆ ಇದನ್ನು ಬಿಡಿಸಿ ಹೇಳುವ ಅಗತ್ಯ ಇಲ್ಲ, ಅಲ್ವಾ? ಫ್ಲಾಂಡರ್ಸ್‌ನ ಜನಸಂಖ್ಯೆ ಸುಮಾರು 67 ಲಕ್ಷ. ಕನ್ನಡ ಮಾತಾಡುವವರು 4 ಕೋಟಿಗೂ ಜಾಸ್ತಿ. ಹಾಗಿದ್ದೂ ಅಲ್ಲಿಯ ಸಿನಿಮಾಗಳು ಫ್ರಾನ್ಸಿನ ಕಾನ್ ಚಿತ್ರೋತ್ಸವಕ್ಕೆ ಹೋಗುತ್ತವೆ, ಆಸ್ಕರ್ ನಾಮನಿರ್ದೇಶನ ಪಡೆಯುತ್ತವೆ. ದುಡ್ಡಿನ ಕಾರಣ ಇದೆ. 2002ರಿಂದ ಅಲ್ಲಿ ಸಾರ್ವಜನಿಕ ಹಣದ ಫ್ಲಾಂಡರ್ಸ್ ಆಡಿಯೋವಿಶುವಲ್ ಫಂಡ್ ಇದೆ. ಆದರೆ ಎಡಿಟರ್ ಆಗಬೇಕು ಅನ್ನುವವರು ನೋಡಬೇಕಾದ ಕಾರಣ ಇನ್ನೊಂದಿದೆ. ಅಲ್ಲಿ ಜೋಡಿಗಳು ಒಡೆಯುವುದು ಕಡಿಮೆ. ಒಬ್ಬ ನಿರ್ದೇಶಕ, ಒಬ್ಬ ಎಡಿಟರ್, ಹತ್ತು ಹದಿನೈದು ವರ್ಷ ಒಟ್ಟಿಗೆ.

ಮೊದಲು ಪಟ್ಟಿ ಮಾಡಿ

ಒಂದು ನೋಟ್‌ಬುಕ್ ತೆಗೆದುಕೊಳ್ಳಿ. ಪುಟಕ್ಕೆ ನಾಲ್ಕು ಗೀಟು ಹಾಕಿ: ವರ್ಷ, ಸಿನಿಮಾ, ನಿರ್ದೇಶಕ, ಭಾಷೆ.

ಮೊದಲ ಹೆಸರು ನಿಕೊ ಲೂನೆನ್. ಫೆಲಿಕ್ಸ್ ಫಾನ್ ಗ್ರೂನಿಂಗನ್ ಎಂಬ ನಿರ್ದೇಶಕನ ಜೊತೆ ಅವರು ಮಾಡಿದ್ದನ್ನು ಬರೆಯಿರಿ. 2009ರಲ್ಲಿ 'ದಿ ಮಿಸ್‌ಫಾರ್ಚುನೇಟ್ಸ್', 2012ರಲ್ಲಿ 'ದಿ ಬ್ರೋಕನ್ ಸರ್ಕಲ್ ಬ್ರೇಕ್‌ಡೌನ್', 2016ರಲ್ಲಿ 'ಬೆಲ್ಜಿಕಾ', 2018ರಲ್ಲಿ 'ಬ್ಯೂಟಿಫುಲ್ ಬಾಯ್', 2022ರಲ್ಲಿ 'ದಿ ಏಟ್ ಮೌಂಟನ್ಸ್'. ಕೊನೆಯದಕ್ಕೆ ಷಾರ್ಲೊಟ್ ಫಾಂಡರ್‌ಮೇರ್ಷ್ ಕೂಡ ನಿರ್ದೇಶಕಿ. ನಡುವೆ 2014ರಲ್ಲಿ ಕೆನಡಾದ ನಟ ರಯಾನ್ ಗಾಸ್ಲಿಂಗ್ ನಿರ್ದೇಶಿಸಿದ 'ಲಾಸ್ಟ್ ರಿವರ್' ಇದೆ. ಅದರಲ್ಲಿ ವಾಲ್ದಿಸ್ ಓಸ್ಕರ್ಸ್‌ದೊತ್ತಿರ್ ಜೊತೆ ಎಡಿಟಿಂಗ್ ಹಂಚಿಕೊಂಡಿದ್ದಾರೆ.

ಈಗ ಭಾಷೆಯ ಸಾಲನ್ನು ಮೇಲಿಂದ ಕೆಳಗೆ ಓದಿ. ಫ್ಲೆಮಿಶ್, ಫ್ಲೆಮಿಶ್, ಇಂಗ್ಲಿಷ್, ಮತ್ತೆ ಫ್ಲೆಮಿಶ್, ಇಂಗ್ಲಿಷ್, ಆಮೇಲೆ ಇಟಾಲಿಯನ್. ನಿರ್ದೇಶಕ ಅಮೆರಿಕಕ್ಕೆ ಹೋದಾಗ ಎಡಿಟರ್ ಜೊತೆಗೆ ಹೋದರು. ಇಟಲಿಯ ಬೆಟ್ಟ ಹತ್ತಿದಾಗಲೂ ಹೋದರು. ಊರಿನ ಭಾಷೆಯಲ್ಲಿ ಒಟ್ಟಿಗೆ ಮಾಡಿದ ಕೆಲಸವೇ ಹೊರಗಿನ ಬಾಗಿಲು ತೆರೆಯಿತು. "ಮೊದಲು ಬೆಂಗಳೂರಿಗೋ ಕೊಚ್ಚಿಗೋ ಹೋಗಿ ಸೆಟಲ್ ಆಗುತ್ತೇನೆ, ಆಮೇಲೆ ನಮ್ಮ ಕಡೆಯ ಸಿನಿಮಾ ಮಾಡುತ್ತೇನೆ" ಅನ್ನುವವರಿಗೆ ನಾನು ಈ ಸಾಲನ್ನು ತೋರಿಸುತ್ತೇನೆ.

ಎರಡನೆಯ ಹೆಸರು ಅಲೇನ್ ದೆಸೊವಾಜ್. ಇವರ ಪಟ್ಟಿ ನನಗೆ ಇನ್ನೂ ಇಷ್ಟ, ಯಾಕೆಂದರೆ ಅದರಲ್ಲಿ ಒಂದು ಕಂದಕ ಇದೆ. 2011ರಲ್ಲಿ ಮಿಖಾಯೆಲ್ ರೊಸ್ಕಾಮ್ ನಿರ್ದೇಶನದ 'ಬುಲ್‌ಹೆಡ್' ಎಡಿಟ್ ಮಾಡಿದರು. ಅದು ಆಸ್ಕರ್ ನಾಮನಿರ್ದೇಶನ ಪಡೆಯಿತು. ರೊಸ್ಕಾಮ್ 2014ರಲ್ಲಿ ಅಮೆರಿಕದಲ್ಲಿ 'ದಿ ಡ್ರಾಪ್' ಮಾಡಿದಾಗ ಎಡಿಟರ್ ಬೇರೆಯವರು, ಕ್ರಿಸ್ಟೋಫರ್ ಟೆಲ್ಲೆಫ್‌ಸೆನ್. ದೊಡ್ಡ ಕಡೆ ಹೋದಾಗ ಹೀಗೂ ಆಗುತ್ತದೆ. 2017ರಲ್ಲಿ ರೊಸ್ಕಾಮ್ ಬೆಲ್ಜಿಯಂಗೆ ವಾಪಸ್ ಬಂದು 'ಲ ಫಿದೆಲ್' ಮಾಡಿದಾಗ ಮತ್ತೆ ದೆಸೊವಾಜ್. ಅದರ ಬೆನ್ನಿಗೇ ಲುಕಾಸ್ ದೊಂತ್ ಎಂಬ ಹೊಸ ಹುಡುಗನ ಮೊದಲ ಸಿನಿಮಾ 'ಗರ್ಲ್'. ಅದಕ್ಕೆ 2018ರಲ್ಲಿ ಕಾನ್‌ನಲ್ಲಿ ಮೊದಲ ಸಿನಿಮಾಗಳಿಗೆ ಕೊಡುವ ಕ್ಯಾಮೆರಾ ದೋರ್ ಸಿಕ್ಕಿತು. 2022ರಲ್ಲಿ ಅದೇ ಜೋಡಿಯ 'ಕ್ಲೋಸ್'. ಆ ವರ್ಷ ಕಾನ್ ಸ್ಪರ್ಧೆಯಲ್ಲಿ 'ಕ್ಲೋಸ್'ಗೆ ಗ್ರಾಂ ಪ್ರಿ, ಲೂನೆನ್ ಎಡಿಟ್ ಮಾಡಿದ 'ದಿ ಏಟ್ ಮೌಂಟನ್ಸ್'ಗೆ ಜ್ಯೂರಿ ಪ್ರಶಸ್ತಿ. ಎರಡೂ ಬೇರೆ ಸಿನಿಮಾಗಳ ಜೊತೆ ಹಂಚಿಕೊಂಡ ಪ್ರಶಸ್ತಿಗಳು, ಇರಲಿ.

ಪಟ್ಟಿ ಓದುವಾಗ ಪ್ರಶಸ್ತಿ ಬಿಟ್ಟು ಖಾಲಿ ವರ್ಷಗಳ ಮೇಲೆ ಕಣ್ಣಿಡಿ. ಒಂದೇ ನಿರ್ದೇಶಕನ ಎರಡು ಸಿನಿಮಾಗಳ ನಡುವೆ ಮೂರು ನಾಲ್ಕು ವರ್ಷ ಇರುತ್ತದೆ. ಅಷ್ಟು ದಿನ ಎಡಿಟರ್ ಊಟ ಮಾಡಬೇಕಲ್ಲ? ಅದಕ್ಕೇ ಎರಡನೇ, ಮೂರನೇ ನಿರ್ದೇಶಕ ಬೇಕು. ನಮ್ಮಲ್ಲಾದರೆ ಮದುವೆ ವಿಡಿಯೋಗಳ ಸೀಸನ್ ಬೇಕು.

ನೋಡುವ ಕ್ರಮ

ಈ ಸಿನಿಮಾಗಳು ಒಂದು ತಿಂಗಳು ಒಂದು ಓಟಿಟಿಯಲ್ಲಿ, ಇನ್ನೊಂದು ತಿಂಗಳು ಇನ್ನೊಂದರಲ್ಲಿ. ಹುಡುಕಿ ನೋಡಿ. ಡಿಸೆಂಬರ್‌ನಲ್ಲಿ ತಿರುವನಂತಪುರದ ಐಎಫ್‌ಎಫ್‌ಕೆ ಚಿತ್ರೋತ್ಸವಕ್ಕೆ ಡೆಲಿಗೇಟ್ ಪಾಸ್ ಮಾಡಿಸಿ ಹೋದರೆ ಯುರೋಪಿನ ಹೊಸ ಸಿನಿಮಾಗಳನ್ನು ದೊಡ್ಡ ಪರದೆಯಲ್ಲೇ ನೋಡಬಹುದು. ಕೇರಳದಲ್ಲಿ ಸೇರಿಹೋದದ್ದರಿಂದ ನಮಗಾದ ಲಾಭಗಳಲ್ಲಿ ಇದೂ ಒಂದು ಎಂದು ನಾನು ಹೇಳಿದರೆ ನನ್ನ ಮಾವನಿಗೆ ಸಿಟ್ಟು ಬರುತ್ತದೆ.

ಮೊದಲ ಸಲ ಸುಮ್ನೆ ಪ್ರೇಕ್ಷಕರಾಗಿ ನೋಡಿ. ನೋಟ್ಸ್ ಬೇಡ. ಎರಡನೇ ಸಲ ಸಬ್‌ಟೈಟಲ್ ಆಫ್ ಮಾಡಿ. ಸಬ್‌ಟೈಟಲ್ ಇದ್ದರೆ ಕಣ್ಣು ಪರದೆಯ ಕೆಳಗೇ ಉಳಿಯುತ್ತದೆ, ಕಟ್, ಅಂದರೆ ಒಂದು ಶಾಟ್‌ನಿಂದ ಇನ್ನೊಂದಕ್ಕೆ ಹೋಗುವ ಜಾಗ, ಕಾಣುವುದಿಲ್ಲ. ಇಷ್ಟವಾದ ಹತ್ತು ನಿಮಿಷದ ತುಂಡು ಆರಿಸಿ, ಶಬ್ದವನ್ನೂ ತೆಗೆದು, ಪ್ರತಿ ಕಟ್‌ಗೆ ಒಂದು ಗೀಟು ಎಳೆಯಿರಿ. ಮತ್ತೆ ಅದೇ ತುಂಡನ್ನು ಪರದೆಗೆ ಬಟ್ಟೆ ಹಾಕಿ ಕಿವಿಯಲ್ಲಿ ಮಾತ್ರ ಕೇಳಿ. ಆಮೇಲೆ ಎರಡನ್ನೂ ಸೇರಿಸಿ ನೋಡಿ. ಮುಂದಿನ ದೃಶ್ಯದ ಶಬ್ದ ಚಿತ್ರಕ್ಕಿಂತ ಮೊದಲೇ ಎಲ್ಲಿ ಶುರುವಾಯಿತು? ಹಿಂದಿನ ದೃಶ್ಯದ ಶಬ್ದ ಎಲ್ಲಿ ಹೊಸ ಚಿತ್ರದ ಮೇಲೂ ಎಳೆದುಕೊಂಡು ಬಂತು? ಮೊದಲನೆಯದಕ್ಕೆ ಜೆ ಕಟ್, ಎರಡನೆಯದಕ್ಕೆ ಎಲ್ ಕಟ್ ಎನ್ನುತ್ತಾರೆ. ಸಾಫ್ಟ್‌ವೇರ್‌ನಲ್ಲಿ ಚಿತ್ರ, ಶಬ್ದ ಜೋಡಿಸುವ ಪಟ್ಟಿಯಲ್ಲಿ, ಅಂದರೆ ಟೈಮ್‌ಲೈನಿನಲ್ಲಿ, ಆ ಅಕ್ಷರಗಳ ಹಾಗೆ ಕಾಣುತ್ತವೆ, ಅಷ್ಟೆ.

'ದಿ ಬ್ರೋಕನ್ ಸರ್ಕಲ್ ಬ್ರೇಕ್‌ಡೌನ್'ಗೆ ಜಾಸ್ತಿ ಸಮಯ ಕೊಡಿ. ದಿದಿಯೆ ಬ್ಯಾಂಜೊ ನುಡಿಸುವವ, ಎಲೀಸ್ ಹಚ್ಚೆ ಹಾಕುವವಳು. ಅವರಿಗೊಂದು ಮಗಳು, ಮಗಳಿಗೆ ಕ್ಯಾನ್ಸರ್. ಕಥೆ ಕಾಲದ ಕ್ರಮದಲ್ಲಿ ಬರುವುದಿಲ್ಲ. ಆಸ್ಪತ್ರೆ, ಪ್ರೀತಿಯ ಮೊದಲ ದಿನಗಳು, ವೇದಿಕೆಯ ಹಾಡು, ಎಲ್ಲ ಹೆಣೆದುಕೊಂಡು ಬರುತ್ತವೆ. ಮನೆಯಲ್ಲಿ ಹಳೆಯ ಮದುವೆ ಕಾಗದಗಳು ರಾಶಿ ಇರುತ್ತವಲ್ಲ, ಅವುಗಳ ಖಾಲಿ ಹಿಂಬದಿಯಲ್ಲಿ ಒಂದೊಂದು ದೃಶ್ಯ ಬರೆಯಿರಿ. ಚಾವಡಿಯ ನೆಲದಲ್ಲಿ ಸಿನಿಮಾದಲ್ಲಿ ಬಂದ ಕ್ರಮದಲ್ಲೇ ಹರಡಿ. ಫೋಟೋ ತೆಗೆಯಿರಿ. ಆಮೇಲೆ ನಿಜವಾಗಿ ನಡೆದ ಕಾಲದ ಕ್ರಮಕ್ಕೆ ಬದಲಾಯಿಸಿ.

ಎರಡನೇ ಜೋಡಣೆಯನ್ನು ಓದಿದರೆ ಏನು ಕಳೆದುಹೋಯಿತು ಅಂತ ಗೊತ್ತಾಗುತ್ತದೆ. ಸಿನಿಮಾದಲ್ಲಿ ಮಗು ಕಾಯಿಲೆ ಬಿದ್ದಿರುವುದು ನಮಗೆ ಮೊದಲೇ ಗೊತ್ತು. ಹಾಗಾಗಿ ಅಪ್ಪ ಅಮ್ಮ ಮೊದಲ ಸಲ ನಗುವುದನ್ನು ನೋಡುವಾಗಲೂ ನಮ್ಮ ಹೊಟ್ಟೆಯಲ್ಲಿ ಸಂಕಟ. ಕಾಲದ ಕ್ರಮದಲ್ಲಿ ಇಟ್ಟರೆ ಮೊದಲ ಅರ್ಧ ಗಂಟೆ ಬರೀ ಪ್ರೇಮಕಥೆ ಆಗುತ್ತದೆ. ಈಗ ಪ್ರತಿ ಜಿಗಿತದ ನಡುವೆ ಪೆನ್ಸಿಲಿನಲ್ಲಿ ಬರೆಯಿರಿ: ಇಲ್ಲಿಂದ ಅಲ್ಲಿಗೆ ನಮ್ಮನ್ನು ದಾಟಿಸಿದ್ದು ಯಾವುದು? ಒಂದು ಮುಖವೋ, ಹಾಡಿನ ಸಾಲೋ, ಉತ್ತರ ಸಿಗದ ಪ್ರಶ್ನೆಯೋ? ಉತ್ತರ ಹೊಳೆಯದ ಕಡೆ ಆ ದೃಶ್ಯವನ್ನು ಇನ್ನೊಮ್ಮೆ ನೋಡಿ. ಈ ಒಂದು ಕೆಲಸಕ್ಕೆ ಒಂದು ವಾರ ಹೋದರೂ ನಷ್ಟ ಇಲ್ಲ.

'ಕ್ಲೋಸ್'ನಲ್ಲಿ ನೋಡಬೇಕಾದದ್ದು ಏನನ್ನು ತೋರಿಸಲಿಲ್ಲ ಎಂಬುದನ್ನು. ಕಥೆಯ ಅತಿ ದೊಡ್ಡ ಘಟನೆ ಪರದೆಯ ಮೇಲೆ ನಡೆಯುವುದೇ ಇಲ್ಲ. ಕೇಳಿಸಿಕೊಂಡವನ ಮುಖ ಮಾತ್ರ ನಮ್ಮ ಮುಂದೆ. 'ದಿ ಏಟ್ ಮೌಂಟನ್ಸ್'ನಲ್ಲಿ ವರ್ಷಗಳು ಹಾರುವ ಜಾಗಗಳನ್ನು ಗುರುತಿಸಿ.

ಭಾಷೆ ಬೆರೆತ ಕಡೆ ಕಟ್ ಎಲ್ಲಿ?

'ಬುಲ್‌ಹೆಡ್' ನಮ್ಮ ಕಡೆಯವರು ನೋಡಲೇಬೇಕಾದ ಸಿನಿಮಾ. ದನಗಳಿಗೆ ಕಳ್ಳತನದಲ್ಲಿ ಹಾರ್ಮೋನ್ ಚುಚ್ಚುವ ಜಾಲದ ಕಥೆ. ನಾಯಕ ಲಿಂಬರ್ಗ್ ಕಡೆಯ ಆಡುಮಾತು ಆಡುತ್ತಾನೆ, ವ್ಯಾಪಾರಕ್ಕೆ ಸಿಗುವವರದ್ದು ಪಶ್ಚಿಮ ಫ್ಲಾಂಡರ್ಸ್‌ನ ಮಾತು, ಗ್ಯಾರೇಜಿನವರದ್ದು ಫ್ರೆಂಚ್. ಯಾರು ಯಾರನ್ನು ನಂಬುತ್ತಾರೆ ಎಂಬುದು ಮಾತಿನ ರೀತಿಯಲ್ಲೇ ಇದೆ. ಬದಿಯಡ್ಕದ ಒಂದು ಅಂಗಡಿಯಲ್ಲಿ ಕ್ಯಾಮೆರಾ ಇಟ್ಟರೆ ಹವ್ಯಕ, ತುಳು, ಮಲಯಾಳಂ, ಕನ್ನಡ, ಮರಾಟಿ, ಬ್ಯಾರಿ ಎಲ್ಲ ಒಂದೇ ಗಂಟೆಯಲ್ಲಿ ಸಿಗುತ್ತವೆ. ಅದನ್ನು ಎಡಿಟ್ ಮಾಡಲು ಬರೀ ಅರ್ಥ ಗೊತ್ತಿದ್ದರೆ ಸಾಲದು.

ಹೀಗೆ ಮಾಡಿ. ನಿಮಗೆ ಸರಿಯಾಗಿ ಬಾರದ ಭಾಷೆಯ ಭಾಗಕ್ಕೆ ಮೊದಲು ಟೈಮ್‌ಕೋಡ್ (ಯಾವ ಮಾತು ಎಷ್ಟನೇ ನಿಮಿಷ, ಸೆಕೆಂಡಿನಲ್ಲಿ ಬರುತ್ತದೆ ಎಂಬುದು) ಹಾಕಿದ ಬರಹ ಮಾಡಿಸಿ. ಆ ಮಾತು ಮನೆಯಲ್ಲಿ ಆಡುವ ಒಬ್ಬರನ್ನು ಪಕ್ಕದಲ್ಲಿ ಕೂರಿಸಿಕೊಳ್ಳಿ, ಚಾ ಕೊಡಿ. ಪ್ರತಿ ಕಟ್ ಆದ ಮೇಲೆ ಒಂದೇ ಪ್ರಶ್ನೆ ಕೇಳಿ: "ಇವರು ಮಾತು ಮುಗಿಸಿದರಾ?"

ಇದು ಯಾಕೆ ಮುಖ್ಯ ಅಂದರೆ, ಕನ್ನಡ, ತುಳು, ಮಲಯಾಳಂ ಮೂರರಲ್ಲೂ ಕ್ರಿಯಾಪದ ಬರುವುದು ಕೊನೆಗೆ. "ನಾನು ನಾಳೆ ಅವನನ್ನು ಕರಕೊಂಡು ಮಂಗಳೂರಿಗೆ..." ಎನ್ನುವವರೆಗೆ ಎದುರಿನವಳ ಮುಖದಲ್ಲಿ ಏನೂ ಆಗುವಂತಿಲ್ಲ. "ಹೋಗುವುದಿಲ್ಲ" ಎಂದ ಮೇಲೆ ತಾನೇ ಅವಳಿಗೆ ಗೊತ್ತಾಗುವುದು? ಇಂಗ್ಲಿಷಿನಲ್ಲಿ "ಇಲ್ಲ" ಎಂಬುದು ವಾಕ್ಯದ ಮೊದಲಿಗೇ ಬಂದುಬಿಡುತ್ತದೆ. ಇಂಗ್ಲಿಷ್ ಟ್ಯುಟೋರಿಯಲ್ ನೋಡಿ ಕಲಿತವರು ಮಾತಿನ ನಡುವೆಯೇ ರಿಯಾಕ್ಷನ್ ಹಾಕುತ್ತಾರೆ. ನಮ್ಮ ಮಾತಿಗೆ ಅದನ್ನು ಹಾಕಿದರೆ ನಟಿಗೆ ಮೊದಲೇ ಸ್ಕ್ರಿಪ್ಟ್ ಗೊತ್ತಿದ್ದ ಹಾಗೆ ಕಾಣುತ್ತದೆ. ಡಚ್‌ನಲ್ಲೂ ಉಪವಾಕ್ಯಗಳಲ್ಲಿ ಕ್ರಿಯಾಪದ ಕೊನೆಗೆ ಹೋಗುತ್ತದೆ. ಅದಕ್ಕೇ ಈ ಸಿನಿಮಾಗಳಲ್ಲಿ ಕೇಳುವವರ ಮುಖಕ್ಕೆ ಯಾವ ಕ್ಷಣದಲ್ಲಿ ಹೋಗುತ್ತಾರೆ ಅಂತ ಕಿವಿ ಕೊಟ್ಟು ನೋಡಿ.

ಕೈ ಪಳಗಲು

ಅಭ್ಯಾಸಕ್ಕೆ ತಾಳಮದ್ದಳೆಯಷ್ಟು ಒಳ್ಳೆಯ ಸಾಮಗ್ರಿ ಇನ್ನೊಂದಿಲ್ಲ. ವೇಷ ಇಲ್ಲ, ಕುಣಿತ ಇಲ್ಲ. ಕೂತವರು ವಾದ ಮಾಡುತ್ತಾರೆ, ಎದುರಿನವರು ಕಾಯುತ್ತಾರೆ. ಇದು ಸಿನಿಮಾದ ಸಂಭಾಷಣೆ ದೃಶ್ಯವೇ. ಸಂಘಟಕರ, ಭಾಗವತರ, ಅರ್ಥಧಾರಿಗಳ ಅನುಮತಿ ಕೇಳಿ. ಒಂದು ಫೋನ್ ಮಾತಾಡುವವರ ಮೇಲೆ, ಒಂದು ಎದುರಾಳಿಯ ಮೇಲೆ, ಒಂದು ಭಾಗವತರ ಮೇಲೆ. ಶಬ್ದಕ್ಕೆ ಬೇರೆ ರೆಕಾರ್ಡರ್.

ಮೂರೂ ಕ್ಯಾಮೆರಾ ಸೆಕೆಂಡಿಗೆ 25 ಫ್ರೇಮ್‌ಗೆ ಇಡಿ. ಶಟರ್ 1/50. ನಮ್ಮ ಕರೆಂಟ್ 50 ಹರ್ಟ್ಸ್ ಆದ್ದರಿಂದ ಟ್ಯೂಬ್‌ಲೈಟ್ ಮಿನುಗುವುದು ತಪ್ಪುತ್ತದೆ. ರೆಕಾರ್ಡರ್ 48 ಕಿಲೋಹರ್ಟ್ಸ್‌ನಲ್ಲಿರಲಿ. ಫೋನ್‌ಗಳು ಫ್ರೇಮ್ ರೇಟನ್ನು ತಾವೇ ಏರಿಳಿಸುತ್ತವೆ. ಟೈಮ್‌ಲೈನಿಗೆ ಹಾಕುವ ಮೊದಲು ಸ್ಥಿರ ಫ್ರೇಮ್ ರೇಟಿಗೆ ಕನ್ವರ್ಟ್ ಮಾಡಿ. ಚಿತ್ರ, ಶಬ್ದ ಸಿಂಕ್ ಮಾಡಲು, ಅಂದರೆ ಸರಿಯಾಗಿ ಕೂಡಿಸಲು, ಚೆಂಡೆಯ ಮೊದಲ ಪೆಟ್ಟು ಸಾಕು. ಆದರೆ ಉದ್ದ ರೆಕಾರ್ಡಿಂಗ್‌ನಲ್ಲಿ ಎರಡು ಯಂತ್ರದ ಗಡಿಯಾರ ನಿಧಾನಕ್ಕೆ ದೂರ ಸರಿಯುತ್ತವೆ. ಗಂಟೆಗೊಮ್ಮೆ ಮತ್ತೆ ಕೂಡಿಸಿ ನೋಡಿ.

ಆಮೇಲೆ ಹತ್ತು ನಿಮಿಷದ ಒಂದು ವಾದವನ್ನು ಎರಡು ರೀತಿ ಕತ್ತರಿಸಿ. ಒಂದರಲ್ಲಿ ಮಾತಾಡುವವರೇ ಕಾಣಲಿ. ಇನ್ನೊಂದರಲ್ಲಿ ಆದಷ್ಟು ಕೇಳುವವರು. ಎರಡನೆಯದರಲ್ಲಿ ಯಾರು ಗೆದ್ದರು ಎಂಬುದೇ ಬದಲಾಗಬಹುದು. ಪದ್ಯದ ಸಾಲಿನ ನಡುವೆ ಮಾತ್ರ ಕತ್ತರಿ ಹಾಕಬೇಡಿ. ಭಾಗವತರು ಬಿಟ್ಟರೂ ಊರಿನವರು ಬಿಡುವುದಿಲ್ಲ.

ಮುಂದಿನ ಪಾಠ ಮದುವೆ. ಹೇಗೂ ಫುಟೇಜ್ ನಿಮ್ಮ ಹತ್ತಿರ ಇರುತ್ತದೆ. ಹೆಣ್ಣು ಒಪ್ಪಿಸಿಕೊಟ್ಟ ಮೇಲೆ ಅಮ್ಮ ಕುರ್ಚಿ ಜೋಡಿಸುತ್ತಾ ಓಡಾಡುವ ಶಾಟ್‌ನಿಂದ ಶುರು ಮಾಡಿ, ಆಮೇಲೆ ಬೆಳಗಿನ ದಿಬ್ಬಣಕ್ಕೆ ಹೋಗಿ. ಮುಹೂರ್ತ ಎಲ್ಲಿ ಬಂದರೆ ಸರಿ ಎಂದು ಮೂರು ನಾಲ್ಕು ಕಡೆ ಇಟ್ಟು ನೋಡಿ. ಇದು ನಿಮ್ಮ ಅಭ್ಯಾಸಕ್ಕೆ. ದುಡ್ಡು ಕೊಟ್ಟವರಿಗೆ ಗಣಪತಿ ಪೂಜೆಯಿಂದಲೇ ಶುರು ಮಾಡಿ ಕೊಡಿ, ಸುಮ್ನೆ ಜಗಳ ಬೇಡ.

ಒಳಗೆ ಹೋಗುವ ಬಾಗಿಲು

ಕಲಿಯಲು ಶಾಲೆ ಬೇಕೆನ್ನುವವರಿಗೆ ಪುಣೆಯ ಎಫ್‌ಟಿಐಐ, ಕೊಲ್ಕತ್ತಾದ ಸತ್ಯಜಿತ್ ರೇ ಸಂಸ್ಥೆ, ಇನ್ನೂ ಹತ್ತಿರ ಕೋಟ್ಟಯಂ ಜಿಲ್ಲೆಯ ಕೆ.ಆರ್. ನಾರಾಯಣನ್ ಸಂಸ್ಥೆ ಇವೆ. ಮೂರರಲ್ಲೂ ಎಡಿಟಿಂಗ್ ವಿಭಾಗ ಇದೆ. ಫ್ಲೆಮಿಶ್‌ನವರೂ ಶಾಲೆಗಳಿಂದಲೇ ಬಂದವರು. ಫಾನ್ ಗ್ರೂನಿಂಗನ್, ದೊಂತ್ ಇಬ್ಬರೂ ಘೆಂಟ್ ನಗರದ ಕಾಸ್ಕ್ ಎಂಬ ಕಲಾಶಾಲೆಯಲ್ಲಿ ಓದಿದವರು. ಅಂಥ ಶಾಲೆಯಲ್ಲಿ ಪಾಠದಷ್ಟೇ ಉಪಯೋಗ ಪಕ್ಕದ ಬೆಂಚಿನವರಿಂದ.

ಶಾಲೆಗೆ ಹೋಗಲು ಆಗದಿದ್ದರೆ ಮಲಯಾಳಂ ಸಿನಿಮಾದಲ್ಲಿ ಸ್ಪಾಟ್ ಎಡಿಟರ್ ಕೆಲಸ ಹುಡುಕಿ. ಶೂಟಿಂಗ್ ಜಾಗದಲ್ಲೇ ಲ್ಯಾಪ್‌ಟಾಪ್ ಇಟ್ಟುಕೊಂಡು, ತೆಗೆದ ಶಾಟ್‌ಗಳನ್ನು ಅಲ್ಲೇ ಜೋಡಿಸಿ, ಕಂಟಿನ್ಯುಟಿ ತಪ್ಪಿದೆಯಾ, ಯಾವ ಶಾಟ್ ಕಡಿಮೆ ಬಿತ್ತು ಅಂತ ನಿರ್ದೇಶಕರಿಗೆ ತೋರಿಸುವ ಕೆಲಸ. ನಿರ್ದೇಶಕ, ಕ್ಯಾಮೆರಾಮನ್ ಹೇಗೆ ಯೋಚಿಸುತ್ತಾರೆಂದು ಕಣ್ಣೆದುರೇ ಕಾಣುತ್ತದೆ. ಮಲಯಾಳಂ ಓದಲು ಬರೆಯಲು ಬರುವ ಕಾಸರಗೋಡಿನ ಕನ್ನಡಿಗರಿಗೆ ಇದು ಸುಲಭದ ಬಾಗಿಲು. ಮಲಯಾಳಂ ಬೇಡವೆಂದು ಹಟ ಹಿಡಿದು ಕೂತವರನ್ನು ಕಂಡಿದ್ದೇನೆ. ಅವರ ಹಟ ನನಗೆ ಅರ್ಥವಾಗುತ್ತದೆ, ಆದರೆ ಒಪ್ಪುವುದಿಲ್ಲ.

ಅಸಿಸ್ಟೆಂಟ್ ಆಗಿದ್ದಾಗ ನಿಮ್ಮ ಹೆಸರು ಉಳಿಯುವುದು ಫೋಲ್ಡರ್‌ಗಳಿಂದ. ದಿನಾಂಕ, ಕ್ಯಾಮೆರಾ, ಕಾರ್ಡ್ ನಂಬರ್, ಇದೇ ಕ್ರಮದಲ್ಲಿ ಹೆಸರಿಡಿ. ಮೂರು ಪ್ರತಿ, ಎರಡು ಬಗೆಯ ಡಿಸ್ಕ್, ಒಂದು ಪ್ರತಿ ಬೇರೆ ಮನೆಯಲ್ಲಿ. ಮಳೆಗಾಲದ ಸಿಡಿಲು ಒಂದು ಇಡೀ ಸಿನಿಮಾವನ್ನು ನುಂಗಬಲ್ಲದು, ಯುಪಿಎಸ್ ಇಲ್ಲದೆ ಕೂರಬೇಡಿ.

ಇನ್ನು ಜೋಡಿ. ನಿಮ್ಮ ವಯಸ್ಸಿನ, ನಿಮ್ಮಷ್ಟೇ ಖಾಲಿ ಜೇಬಿನ ಒಬ್ಬ ನಿರ್ದೇಶಕನನ್ನು ಹುಡುಕಿ. ಶಾಲಾ ಕಲೋತ್ಸವದಲ್ಲಿ ನಾಟಕ ಮಾಡಿಸಿದವರು, ಯಕ್ಷಗಾನ ಸಂಘದಲ್ಲಿ ಮಕ್ಕಳಿಗೆ ಕಲಿಸುವವರು, ಕಾಲೇಜಿನಲ್ಲಿ ಕಿರುಚಿತ್ರ ಮಾಡಿ ಯಾರಿಗೂ ತೋರಿಸದವರು. ಮೊದಲ ಕಿರುಚಿತ್ರ ದುಡ್ಡಿಲ್ಲದೆ ಮಾಡಿ. ಎರಡನೆಯದಕ್ಕೆ ಸ್ವಲ್ಪವಾದರೂ ತೆಗೆದುಕೊಳ್ಳಿ. ಆಯ್ಕೆ ಮಾಡುವಾಗ ನಾನು ನೋಡುವುದು ಇಷ್ಟೇ: ಅವನೇ ಇಷ್ಟಪಟ್ಟು ತೆಗೆದ ಒಂದು ಶಾಟ್ ತೆಗೆದುಹಾಕಿ ತೋರಿಸಿದಾಗ ಅವನು ಪೂರ್ತಿ ನೋಡಿ ಆಮೇಲೆ ಮಾತಾಡುತ್ತಾನಾ, ಅಥವಾ ನಡುವೆಯೇ ಮೌಸ್ ಕಿತ್ತುಕೊಳ್ಳುತ್ತಾನಾ?

ರಫ್ ಕಟ್ (ಮೊದಲ ಕಚ್ಚಾ ಜೋಡಣೆ) ಆದಾಗ ಸಿನಿಮಾಕ್ಕೆ ಸಂಬಂಧವಿಲ್ಲದ ಮೂರು ಜನರನ್ನು ಕರೆಯಿರಿ. ನೀವು ಪರದೆ ನೋಡಬೇಡಿ, ಅವರ ಬೆನ್ನು ನೋಡಿ. ಎಲ್ಲಿ ಕೂತಲ್ಲೇ ಹೊರಳಿದರು, ಎಲ್ಲಿ ಫೋನ್ ತೆಗೆದರು, ಬರೆದುಕೊಳ್ಳಿ. "ಹೇಗಿತ್ತು?" ಎಂದು ಕೇಳಿದರೆ ನಮ್ಮೂರಿನವರು "ಲಾಯಕ್ಕಿತ್ತು" ಅನ್ನುತ್ತಾರೆ, ಅದರಿಂದ ಏನೂ ಸಿಗದು. ಕಥೆ ಹೇಳಲು ಹೇಳಿ. ಅವರು ಹಾರಿಸಿದ ದೃಶ್ಯ ಸಿನಿಮಾದಿಂದಲೂ ಹಾರಬಹುದು.

ದುಡ್ಡಿನ ವಿಷಯ ಮೊದಲೇ ವಾಟ್ಸಾಪ್‌ನಲ್ಲಾದರೂ ಬರೆದು ಕಳಿಸಿ. ಶುರುವಿಗೆ ಮೂರನೇ ಒಂದು, ಮೊದಲ ಕಟ್‌ಗೆ ಮೂರನೇ ಒಂದು, ಫೈನಲ್ ಕೊಡುವ ಮುಂಚೆ ಉಳಿದದ್ದು. ಎಷ್ಟು ಸಲ ತಿದ್ದುಪಡಿ ಅಂತಲೂ ಬರೆಯಿರಿ. ಒಬ್ಬರು ನನ್ನ ಕೈಯಿಂದ ಹಾರ್ಡ್‌ಡಿಸ್ಕ್ ತೆಗೆದುಕೊಂಡು ಹೋದವರು ಇವತ್ತಿಗೂ ಫೋನ್ ಎತ್ತುತ್ತಿಲ್ಲ. ಆಮೇಲಿಂದ ದುಡ್ಡು ಪೂರ್ತಿ ಬರುವವರೆಗೆ ನಾನು ಕೊಡುವುದು ಅಡ್ಡಡ್ಡ ಹೆಸರು ಬರೆದ ಸಣ್ಣ ಸೈಜಿನ ಕಾಪಿ ಮಾತ್ರ.

ಟೈಟಲ್ ಲಾಕ್ ಆಗುವ ಮುಂಚೆ ನಿಮ್ಮ ಹೆಸರನ್ನು ಕನ್ನಡ, ಮಲಯಾಳಂ, ಇಂಗ್ಲಿಷ್ ಮೂರರಲ್ಲೂ ಟೈಪ್ ಮಾಡಿ ನಿರ್ದೇಶಕರಿಗೆ ಕಳಿಸಿ. ಇನಿಶಿಯಲ್ ಎಲ್ಲಿ ಬರಬೇಕು, ಮನೆತನದ ಹೆಸರು ಬೇಕೋ ಬೇಡವೋ ತೀರ್ಮಾನಿಸಿ, ಎಲ್ಲ ಸಿನಿಮಾಕ್ಕೂ ಅದೇ ಕೊಡಿ. ಒಂದೊಂದು ಸಿನಿಮಾದಲ್ಲಿ ಒಂದೊಂದು ಥರ ಇದ್ದರೆ, ನಾಳೆ ನಿಮ್ಮ ಪಟ್ಟಿ ಮಾಡಲು ಕೂತವರಿಗೆ ಅದು ನಾಲ್ಕು ಜನರ ಪಟ್ಟಿ.